ಐದೂವರೆಯ ಡಬ್ಬಿ

॥ ಶ್ರೀ ವೀತರಾಗಾಯ ನಮಃ ॥

ದತ್ತವಾಡ,
೯ ಡಿಸೆಂಬರ್ ೨೦೨೪

ಚಿ. ಮೃಣಾಲಳಿಗೆ ನಿನ್ನ ಅಜ್ಜ ಆಬಾಸಾಹೇಬ ಮಾಡುವ ಆಶೀರ್ವಾದಗಳು.

ಇಚಲಕರಂಜಿಯ ಚದುರಂಗ ಸ್ಪರ್ಧೆ ಮುಗಿಸಿ ನೀನು ಮಾತಿಲ್ಲದೆ ಕೊಲ್ಹಾಪುರದ ಹಾಸ್ಟೆಲಿಗೆ ಹೋಗಿ ಹದಿನೈದು ದಿನವಾಯಿತು. ನಾನು ಮೊದಲೇ ಬರೆಯಬೇಕಿತ್ತು. ಮೂರು ಸಲ ಕುಳಿತು ಮೂರು ಸಲವೂ ಹಾಳೆ ಹರಿದೆ. ಫೋನು ನೀನು ಎತ್ತುವುದಿಲ್ಲ. ಎತ್ತಿದ್ದರೂ ಈ ಮಾತು ಫೋನಿನಲ್ಲಿ ಆಡಲು ನನ್ನಿಂದ ಆಗುತ್ತಿರಲಿಲ್ಲ. ತಡವಾದದ್ದಕ್ಕೆ ಸಿಟ್ಟಾಗಬೇಡ.

ಇಲ್ಲಿ ಎಲ್ಲ ಕ್ಷೇಮ. ಕಬ್ಬು ಕಡಿಯುವವರು ಬಂದು ಹೊಲದ ಮಗ್ಗುಲಿಗೇ ಗುಡಿಸಲು ಹಾಕಿದ್ದಾರೆ. ನಿನ್ನ ಅಜ್ಜಿ ಛಾಯಾಳ ಮೊಣಕಾಲು ಸುಮಾರಾಗಿದೆ, ಬಾಯಿ ಮಾತ್ರ ಗಟ್ಟಿಯಾಗಿದೆ. ದಿನಾ ಒಂದೇ ಮಾತು: "ಹುಡುಗಿ ಆರು ವರ್ಷದಿಂದ ನೇಮ ಹಿಡದಾಳ, ಹೊತ್ತು ಮುಳುಗಿದ ಮ್ಯಾಲ ಒಂದು ತುತ್ತು ಬಾಯಾಗ ಇಟ್ಟಿಲ್ಲ. ಅಂಥಾಕಿ ಕಳ್ಳಾಟ ಆಡ್ತಾಳೇನ್ರಿ? ಆ ಗಡಹಿಂಗ್ಲಜದ ಮಾಸ್ತರನ್ನ ಒಂದ್ಸಲ ನನ್ನ ಕೈಯಾಗ ಕೊಡ್ರಿ!"

ಮಾಸ್ತರ ಅಂದರೆ ರಾಮಲಿಂಗ ಸರ್. ಏಳನೆಯ ಸುತ್ತಿನಲ್ಲಿ ನಿನ್ನ ಎದುರು ಕುಳಿತಿದ್ದ ಆಶಿಷನಿಗೆ ಆಟ ಕಲಿಸಿದವರು, ನಿನ್ನ ಮೇಲೆ ತಕರಾರು ಕೊಟ್ಟವರು. ಆ ಸಂಜೆ ನಿನ್ನನ್ನು ಒಳಗೇ ಕೂಡಿಸಿದ್ದರಿಂದ ಹೊರಗೆ ಏನು ನಡೆಯಿತೆಂದು ನಿನಗೆ ತಿಳಿಯದು.

ದಿನವೂ ಐದೂವರೆಗೆ ನಾನು ಸ್ಪರ್ಧೆ ನಡೆದ ಮಂಗಲ ಕಾರ್ಯಾಲಯದ ಪಡಸಾಲೆಯಲ್ಲಿ ಡಬ್ಬಿ ಹಿಡಿದು ನಿಲ್ಲುತ್ತಿದ್ದೆ. ನೀನು ಪಂಚರನ್ನು ಕೇಳಿ ಎದ್ದು ಬಂದು, ಸೂರ್ಯ ಇಳಿಯುವುದರೊಳಗೆ ನಾಲ್ಕು ತುತ್ತು ಉಂಡು ಹೋಗುತ್ತಿದ್ದೆ. ಅವತ್ತು ನೀನು ಒಳಗೆ ಹೋದೊಡನೆ ರಾಮಲಿಂಗ ಸರ್ ಮುಖ್ಯ ಪಂಚರಾದ ಪೂನಮ ಮೇಡಮ್ಮರನ್ನು ನನ್ನೆದುರಿಗೇ ಕರೆತಂದರು.

"ನಾಲ್ಕನೇ ದಿನದಿಂದ ಬರದಿಟ್ಟೇನಿ ನೋಡ್ರಿ ಮೇಡಮ್. ರೊಟ್ಟಿ ಬಂದ ದಿನ ಒಳಗ ಹೋಗಿ ಆನಿ ನಡಸ್ಯಾಳ. ಚಪಾತಿ ಬಂದ ದಿನ ಕುದರಿ. ಡಬ್ಬಿಯೊಳಗ ಏನೈತಿ ಅನ್ನೂದ ಒಂದು ಖೂನ ಐತ್ರಿ, ಯಾವುದು ನಡಸಬೇಕನ್ನೂ ಸನ್ನಿ."

"ಹಂಗಾರ ಉಪ್ಪಿಟ್ಟು ತಂದ್ರ ರಾಜಾನ ಓಡಸಬೇಕೇನ್ರಿ ಸರ್?" ಎಂದೆ. ಸುತ್ತ ನಿಂತವರು ನಕ್ಕರು. ಮೇಡಮ್ ನಗಲಿಲ್ಲ.

"ಆಜೋಬಾ, ಸಿಟ್ಟಿಗೇಳಬ್ಯಾಡ್ರಿ. ತಕರಾರ ಬಂದೈತಿ, ತಪಾಸಣಿ ಮಾಡೂದು ನನ್ನ ಕೆಲಸ."

ಡಬ್ಬಿ ಬಿಚ್ಚಿಸಿ ಶೇಂಗಾ ಚಟ್ನಿಯಲ್ಲಿ ಪೆನ್ಸಿಲ್ ಆಡಿಸಿದರು. ನನ್ನ ಟೊಪ್ಪಿಗೆ ತೆಗೆಸಿದರು. ಕಿವಿಯ ಮಶೀನನ್ನು ಕೀಳಿಸಿ ಬೆಳಕಿಗೆ ಹಿಡಿದು ನೋಡಿದರು. ಅಷ್ಟು ಹೊತ್ತು ಅವರೆಲ್ಲ ಏನು ಮಾತಾಡಿಕೊಂಡರೋ ನನಗೆ ಕೇಳಿಸಲಿಲ್ಲ, ಬಾಯಿಗಳಷ್ಟೇ ಕಂಡವು. ಏನೂ ಸಿಗಲಿಲ್ಲ. ನೀನು ಗೆದ್ದ ಆಟ ಗೆದ್ದದ್ದಾಗಿಯೇ ಉಳಿಯಿತು. ಆದರೆ ತಕರಾರು ಡಬ್ಬಿಯ ಮೇಲೆ ಎಂದಷ್ಟು ತಿಳಿದು ಮರುದಿನದಿಂದ ನೀನು ಡಬ್ಬಿ ಮುಟ್ಟಲಿಲ್ಲ. ಹಸಿದು ಕುಳಿತು ಕೊನೆಯ ಎರಡೂ ಆಟ ಸೋತೆ.

ನಾಲ್ಕನೆಯ ಇಯತ್ತೆಗೆ ಶಾಲೆ ಬಿಟ್ಟ ನಾನು ದೊಡ್ಡ ಆಟಗಾರರ ಬಾಳಿನ ಸುದ್ದಿಗಳನ್ನು ಪೇಪರಿನಿಂದ ಕತ್ತರಿಸಿ ವಹಿಗೆ ಅಂಟಿಸುತ್ತ ಓದು ಕಲಿತವನು. ಮೊನ್ನೆ ೧೯೭೮ರ ಹಾಳೆ ತೆಗೆದೆ. ಜಗತ್ತಿನ ಪಟ್ಟಕ್ಕೆ ಆಡುತ್ತಿದ್ದಾಗ ಕಾರ್ಪೋವ್ ಕುಳಿತಲ್ಲಿಗೆ ಒಂದು ಬಟ್ಟಲು ಮೊಸರು ಬಂತು. ಮೊಸರಿನಲ್ಲಿ ಗುಟ್ಟಿನ ಸಂದೇಶವಿರಬಹುದೆಂದು ಎದುರಾಳಿ ಕೋರ್ಚ್‌ನಾಯ್ ಕಡೆಯವರು ತಕರಾರು ತೆಗೆದರು. ಕಡೆಗೆ ಇಂಥ ಬಣ್ಣದ ಮೊಸರೇ, ಇಂಥ ಹೊತ್ತಿಗೇ ಬರಬೇಕೆಂದು ಗೊತ್ತುಮಾಡಿದರಂತೆ. ಇಷ್ಟು ವರ್ಷ ಅದನ್ನು ಓದಿ ನಗುತ್ತಿದ್ದೆ.

ಈಗ ನನಗೆ ಯಾರ ಮಾತೂ ನೆಟ್ಟಗೆ ಕೇಳಿಸುತ್ತಿಲ್ಲ. ಬಸದಿಯ ಬಾಗಿಲಲ್ಲಿ ನಮ್ಮ ಓಣಿಯ ಜಿನಪಾಲ, "ಮೊಮ್ಮಗಳು ಈ ವಾರ ಎಲ್ಲೂ ಆಡಾಕ ಹೋಗಿಲ್ಲೇನ್ರಿ?" ಎಂದ. ಅಷ್ಟಕ್ಕೇ, ಇವನ ಕಿವಿಗೆ ಯಾರು ಊದಿರಬೇಕೆಂದು ದಿನವಿಡೀ ಯೋಚಿಸಿದೆ. ಸಕ್ಕರೆ ಕಡಿಮೆಯಾದ ಚಹಾ ಬಂದರೂ ಇದರ ಹಿಂದೆ ಏನೋ ಇದೆ ಎನಿಸುತ್ತದೆ.

ತಕರಾರು ಮೇಲಕ್ಕೆ ಹೋಗಿ, ಚದುರಂಗ ಸಂಘಟನೆಯವರಿಂದ ನನಗೆ ಕಾಗದ ಬಂದಿದೆ. ಡಬ್ಬಿಯ ವಿಷಯವಾಗಿ ಮೂರು ಪ್ರಶ್ನೆ ಕೇಳಿದ್ದಾರೆ. ಹದಿನೆಂಟಕ್ಕೆ ಕೊಲ್ಹಾಪುರದಲ್ಲಿ ವಿಚಾರಣೆ. ತಪ್ಪು ನಿನ್ನದೆಂದು ಠರಾವಾದರೆ ಎರಡು ವರ್ಷ ನಿನ್ನನ್ನು ಎಲ್ಲಿಯೂ ಆಡಲು ಬಿಡುವುದಿಲ್ಲ. ಅದಕ್ಕೇ ಹೋದ ಗುರುವಾರ ಬಸ್ಸು ಹತ್ತಿ ಗಡಹಿಂಗ್ಲಜಕ್ಕೆ ಹೋದೆ.

"ಬರ್ರಿ ಆಬಾಸಾಹೇಬ್ರ, ಕೂಡ್ರಿ, ಚಾ ಕುಡೀರಿ," ಎಂದರು ರಾಮಲಿಂಗ ಸರ್.

"ಚಾ ಇರ್ಲಿ. ಮೂರು ದಿನ ಸುಮ್ಮನಿದ್ದಾವರು ನಾಲ್ಕನೇ ದಿನಕ್ಕ ಬರಕೊಳ್ಳಾಕ ಯಾಕ ಹತ್ತಿದ್ರಿ? ನಿಮ್ಮ ತಲಿ ಯಾರು ತುಂಬಿದ್ರು, ಅಷ್ಟು ಹೇಳ್ರಿ."

ಅವರು ಚಹಾದ ಕಪ್ಪು ನನ್ನ ಕಡೆ ಸರಿಸಿದರು. ಆಮೇಲೆ ಹೇಳಿದರು. ಕೇಳಿ, ತಂದಿಟ್ಟ ಚಹಾ ಹಾಗೇ ಬಿಟ್ಟು ಸ್ಟ್ಯಾಂಡಿಗೆ ಬಂದೆ.

ನೀನು ಹೊತ್ತಿಗೆ ಸರಿಯಾಗಿ ಉಣ್ಣು. ಅಜ್ಜಿ ಶೇಂಗಾ ಹೋಳಿಗೆ ಮಾಡಿಟ್ಟಿದ್ದಾಳೆ, ಬರುವಾಗ ತರುತ್ತೇನೆ. ನಿನ್ನ ಕೈ ಮತ್ತೆ ಚದುರಂಗದ ಪಟದ ಮೇಲೆ ಆಡಲಿ, ಆಯುಷ್ಯ ಆರೋಗ್ಯ ಚೆನ್ನಾಗಿರಲಿ ಎಂದು ದಿನಾ ಬಸದಿಯಲ್ಲಿ ಬೇಡಿಕೊಳ್ಳುತ್ತೇನೆ. ಜೈ ಜಿನೇಂದ್ರ.

ನಿನ್ನ ಅಜ್ಜ,
ಆಬಾಸಾಹೇಬ

ತಾ.ಕ.: ರಾಮಲಿಂಗ ಸರ್ ಹೇಳಿದ್ದನ್ನು ಮೇಲೆ ಬರೆಯಲು ಕೈ ಬರಲಿಲ್ಲ. ಅವರು ಹೇಳಿದ್ದು ಇಷ್ಟು: "ನನ್ನ ತಲಿ ಯಾರೂ ತುಂಬಿಲ್ರಿ. ಮೂರನೇ ದಿನ ನಿಮ್ಮ ಹುಡುಗಿ ಕೈ ತೊಳಿಯಾಕ ಹೋದಾಗ ಆಕಿ ಜಾಕೀಟಿನ ಕಿಸೆದಾಗ ಕೈ ಹಾಕಿ ಹುಡುಕಿದಾವರು ಯಾರ್ರಿ? ನಾ ಅಲ್ಲೇ ನಿಂತಿದ್ದೆ. ಸ್ವಂತ ಅಜ್ಜಗ ಸಂಶೆ ಬಂದೈತಿ ಅಂದ್ರ ಏನೋ ಇರಬೇಕು ಅನ್ಕೊಂಡ್ನಿ."

ಹೌದು ಮಗಳ, ಹುಡುಕಿದವನು ನಾನೇ. ಅದರ ಹಿಂದಿನ ದಿನ ನೀನು ಒಂದು ಪ್ಯಾದೆಗೋಸ್ಕರ ಆನೆಯನ್ನೇ ಬಿಟ್ಟುಕೊಟ್ಟು ಹದಿನಾಲ್ಕು ನಡೆ ಕಳೆದ ಮೇಲೆ ಗೆದ್ದೆ. ಆ ನಡೆ ನಮ್ಮ ಮನೆಯ ಹುಡುಗಿಗೆ ಹೊಳೆಯುವಂಥದಲ್ಲ ಎನಿಸಿತು. ಇಂಗ್ಲಿಷ್ ಅಕ್ಷರ ಬಾರದ ಸುಲ್ತಾನ್ ಖಾನ್ ಇಂಗ್ಲೆಂಡಿನಲ್ಲಿ ಮೂರು ಸಲ ಪಟ್ಟ ಗೆದ್ದನೆಂಬ ಸುದ್ದಿಯನ್ನು ಓದಿದ ದಿನವೇ ನಂಬಿದವನು ನಿನ್ನನ್ನು ನಂಬಲಿಲ್ಲ. ಕಿಸೆಯಲ್ಲಿ ಒಂದು ಪೆನ್ನು, ಒಂದು ಕರವಸ್ತ್ರ, ಎರಡು ಪೆಪ್ಪರಮಿಂಟು ಇದ್ದವು. ಡಬ್ಬಿಯ ತಳವನ್ನೂ ಮಗುಚಿ ನೋಡಿದೆ.

ಸಂಘಟನೆಯವರ ಮೂರನೆಯ ಪ್ರಶ್ನೆ, ನಿಮಗೆ ಎಂದಾದರೂ ಸಂಶಯ ಬಂದಿತ್ತೇ ಎಂದು. ಬಂದಿತ್ತು, ಅವಳಿಗೂ ತಿಳಿಯದಂತೆ ಹುಡುಕಿದೆ, ಏನೂ ಇರಲಿಲ್ಲ ಎಂದು ಬರೆದು ಸಹಿ ಮಾಡಿ ಶನಿವಾರ ಕಳಿಸಿದೆ. ನಿನಗೆ ಸುಳಿವಿಲ್ಲದಾಗ ನಡೆದ ತಪಾಸಣೆ ಅದೊಂದೇ. ನಿನ್ನ ಪರವಾಗಿ ನನ್ನಲ್ಲಿರುವ ಸಾಕ್ಷಿಯೂ ಅದೊಂದೇ. ವಿಚಾರಣೆಯಲ್ಲಿ ಅದನ್ನು ಎಲ್ಲರೆದುರು ಓದುತ್ತಾರೆ, ನೀನು ಪರರ ಬಾಯಿಂದ ಮೊದಲು ಕೇಳಬಾರದು.

ಅಜ್ಜಿಗೆ ಇನ್ನೂ ಹೇಳಿಲ್ಲ. ಹದಿನೆಂಟಕ್ಕೆ ನಾನು ಬರುತ್ತೇನೆ. ನನ್ನ ಪಕ್ಕಕ್ಕೆ ಬಂದು ಕೂಡ್ರುತ್ತೀಯೋ ಇಲ್ಲವೋ, ಅದನ್ನು ನಾನು ಕೇಳುವ ಹಾಗಿಲ್ಲ.