ಉಪ್ಪು ಉದುರಿಸಿದ ಚಾಕೊಲೇಟ್

ಗೆಳತಿ,

ಅರ್ಧ ಕಿಲೋ ಖರ್ಜೂರ, ಎರಡು ಹಿಡಿ ಬಾದಾಮಿ, ಎರಡು ಬಾರ್ ಚಾಕೊಲೇಟ್, ಒಂದು ಇಡೀ ಭಾನುವಾರ: ಇವತ್ತಿನ ಖರ್ಚು ಇಷ್ಟು. ಖರ್ಜೂರಕ್ಕೆ ಬಾದಾಮಿ ತುಂಬಿ, ಕರಗಿದ ಚಾಕೊಲೇಟಿನಲ್ಲಿ ಅದ್ದಿ, ಮೇಲೆ ಉಪ್ಪು ಉದುರಿಸಿದೆ. ಅಂದು ನಮ್ಮನೆ ಅಡುಗೆಮನೆಯಲ್ಲಿ ಇದನ್ನೇ ಮೊದಲ ಸಲ ಮಾಡುವಾಗ ಸಕ್ಕರೆಯೆಂದು ನಾನು ಉಪ್ಪಿನ ಡಬ್ಬಿಗೆ ಕೈಹಾಕಿದ್ದಕ್ಕೆ ನೀನು ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆಯಲ್ಲ, ಅದೇ ಉಪ್ಪು.

ಮಗಳು ಒಂದನ್ನು ಬಾಯಿಗಿಟ್ಟು, "ಅಮ್ಮ, ಥೇಟ್ ಆಂಟಿ ಅಂಗಡೀದೇ. ಕಾಪಿ ಹೊಡೆದ್ಯಾ?" ಎಂದಳು.

ನಿನ್ನ ಅಂಗಡಿಯ ಡಬ್ಬಿಯ ಮೇಲೆ 'ನಮ್ಮಜ್ಜಿಯ ಕೈರುಚಿ' ಎಂದಿದೆ. ನಿಮ್ಮಜ್ಜಿ ಚಾಕೊಲೇಟ್ ಕಂಡರೆ ಮೂಗು ಮುರಿಯುತ್ತಿದ್ದರು. ಇದೇನೂ ತಿಳಿಯದ ಮಗಳು ನಿನ್ನನ್ನು ಇನ್ನೂ ಆಂಟಿ ಎನ್ನುತ್ತಾಳೆ.

"ಹೂಂ ಕಣೇ, ಕಾಪಿ" ಎಂದೆ.

ನಿನಗೆ ಅಂಗಡಿ ಸಿಕ್ಕಿತು. ನಿಮ್ಮಜ್ಜಿಗೆ ಹೆಸರು ಸಿಕ್ಕಿತು. ಮಗಳಿಗೆ ಒಂದು ತಟ್ಟೆ ಮಿಠಾಯಿ. ಕದ್ದವಳೆಂಬ ಬಿರುದು ನನಗೆ.