ಹಿಂದಕ್ಕೆ ನಡೆಯುವವರ ಹಾಡು

ಮನೆಯಿಂದ,
ಏಳನೇ ತಾರೀಖು, ಭಾನುವಾರ ಮಧ್ಯಾಹ್ನ

ಪ್ರೀತಿಯ ಅಣ್ಣನಿಗೆ ನನ್ನ ನಾಲಗೆ ನೋಡಿ ನೀನೇ ಹೆಸರಿಟ್ಟ ಗರಗಸದ ನಮಸ್ಕಾರ.

ಹೇಗಿದ್ದೀಯ? ಕೆಮ್ಮು ಇಳಿಯಿತೇ? ಹೋದ ಸಲ ಭೇಟಿಗೆ ಬಂದಾಗ ನೀನು ಜೈಲಿನ ಕಂಬಿಯಾಚೆ ನಿಂತು ಕೆಮ್ಮು ಬಂದಾಗಲೆಲ್ಲ ನಕ್ಕೆ. ಅಷ್ಟು ನಗುವಂಥದ್ದನ್ನು ನಾನೇನೂ ಹೇಳಿರಲಿಲ್ಲ. ನನಗೆ ಗೊತ್ತಾಯಿತು, ಅಮ್ಮನಿಗೂ ಗೊತ್ತಾಯಿತು. ಮನೆಗೆ ಬಂದವಳೇ ನಿನ್ನ ಹಳೆಯ ಉಣ್ಣೆ ಶಾಲನ್ನು ಪೆಟ್ಟಿಗೆಯಿಂದ ತೆಗೆದು ಬಿಸಿಲಿಗೆ ಹಾಕಿದಳು. ಈ ಕಾಗದದ ಜೊತೆ ಅದೂ ಬರುತ್ತಿದೆ. ತೇವದ ಗೋಡೆಯ ಕಡೆ ತಲೆ ಹಾಕಿ ಮಲಗಬೇಡ. ಊಟದಲ್ಲಿ ಕಲ್ಲು ಸಿಕ್ಕರೆ ಉಗಿದುಬಿಡು, ಪಕ್ಕದವರು ಏನೆಂದುಕೊಳ್ಳುತ್ತಾರೋ ಎಂದು ನುಂಗಬೇಡ. ನಿನ್ನ ಮರ್ಯಾದೆ ನನಗೆ ಗೊತ್ತಿಲ್ಲವೇ.

ಇಲ್ಲಿ ನಾವು ಚೆನ್ನಾಗಿದ್ದೇವೆ ಎಂದು ಬರೆಯುವುದು ವಾಡಿಕೆ. ಅಮ್ಮನ ಮಂಡಿ ಚೆನ್ನಾಗಿಲ್ಲ. ಮೆಟ್ಟಿಲು ಹತ್ತುವಾಗ ಗೋಡೆ ಹಿಡಿಯುತ್ತಾಳೆ, ಯಾರಾದರೂ ನೋಡಿದರೆ ಗೋಡೆಯ ಧೂಳು ಒರೆಸುವವಳಂತೆ ನಟಿಸುತ್ತಾಳೆ. ನಾನು ಚೆನ್ನಾಗಿದ್ದೇನೆ. ಹಗ್ಗದ ಕಾರ್ಖಾನೆಯಲ್ಲಿ ಅಮ್ಮ ನಿಲ್ಲುತ್ತಿದ್ದ ಸಾಲಿನಲ್ಲೇ ನನ್ನನ್ನು ನಿಲ್ಲಿಸಿದ್ದಾರೆ. ಮೊದಲ ತಿಂಗಳು ಅಂಗೈಯೆಲ್ಲ ಗುಳ್ಳೆ. ಈಗ ಒಲೆಯ ಮೇಲಿನ ಪಾತ್ರೆಯನ್ನು ಬಟ್ಟೆಯಿಲ್ಲದೆ ಇಳಿಸುತ್ತೇನೆ. ಅಮ್ಮನಿಗೆ ಊಟ ಕೊಡಲು ಹೋದಾಗ ನಾವಿಬ್ಬರೂ ಬಾಗಿಲಲ್ಲಿ ನಿಂತು ನೋಡುತ್ತಿದ್ದೆವಲ್ಲ, ಆಗ ಅದು ಕುಣಿತದ ಹಾಗೆ ಕಾಣುತ್ತಿತ್ತು. ಒಳಗೆ ನಿಂತವಳಿಗೆ ಬೇರೆಯೇ ಕಾಣುತ್ತದೆ. ಸೊಂಟಕ್ಕೆ ನಾರು ಸುತ್ತಿಕೊಂಡು, ಅದರ ತುದಿಯನ್ನು ಚಕ್ರದ ಕೊಂಡಿಗೆ ಸಿಕ್ಕಿಸಿ, ಬೆರಳಲ್ಲಿ ನಾರು ಬಿಡುತ್ತ ಬಿಡುತ್ತ ಹಿಂದಕ್ಕೆ ನಡೆಯಬೇಕು. ಚಕ್ರ ತಿರುಗಿಸುವವಳ ಕೈಯೂ ಸಾಲಿನವರೆಲ್ಲರ ಹೆಜ್ಜೆಯೂ ಒಂದೇ ಆಗಿರಬೇಕು. ಒಬ್ಬಳು ಎಡವಿದರೆ ಎಳೆ ಒಂದು ಕಡೆ ದಪ್ಪ, ಒಂದು ಕಡೆ ಸಣ್ಣ. ಬೆನ್ನ ಹಿಂದೆ ಏನಿದೆ ಎಂದು ಯಾರಿಗೂ ಕಾಣುವುದಿಲ್ಲ. ಅದಕ್ಕೇ ಹಾಡು ಬೇಕು. ಹಾಡೇ ಅಲ್ಲಿ ಕಣ್ಣು.

ಇದೆಲ್ಲ ನಿನಗೆ ಗೊತ್ತಿರುವುದೇ. ಗೊತ್ತಿದ್ದದ್ದರಿಂದಲೇ ತಾನೆ ನೀನು ಹೆಜ್ಜೆಗೆ ಸರಿಯಾಗಿ ಕೂರುವ ಹಾಡು ಬರೆದದ್ದು, ಕಡಲಾಚೆಯಿಂದ ಬಂದು ನಮ್ಮನ್ನು ಆಳುವವರು ಪದ್ಯಕ್ಕೊಂದು ವರ್ಷದಂತೆ ಮೂರು ಪದ್ಯಕ್ಕೆ ಮೂರು ವರ್ಷ ಹಾಕಿದ್ದು.

ಈಗ ಸುದ್ದಿಗೆ ಬರುತ್ತೇನೆ. ಇದನ್ನು ಬರೆಯಲು ಅಮ್ಮ ಬೆಳಗಿನಿಂದ ನನ್ನ ಹಿಂದೆ ಬಿದ್ದಿದ್ದಾಳೆ.

ನಿನ್ನ ಹಾಡನ್ನು ನಿಷೇಧಿಸಿದ ಮೇಲೆ ಏನು ಹಾಡಬೇಕೆಂದು ಅವರೇ ಗೊತ್ತುಮಾಡಿದರು. ಶಾಲೆಯಲ್ಲಿ ದಿನಾ ನಿಲ್ಲಿಸಿ ಹೇಳಿಸುತ್ತಿದ್ದ ಆ ಹೊಗಳಿಕೆ ಪದ್ಯ ನೆನಪಿದೆಯಲ್ಲ? ನಾವು ಬರುವ ಮುನ್ನ ಈ ಕಡಲಿಗೆ ದಾರಿ ಇರಲಿಲ್ಲ, ಈ ದಂಡೆಗೆ ಹೆಸರಿರಲಿಲ್ಲ, ನಿದ್ದೆಯಲ್ಲಿದ್ದ ಮಕ್ಕಳೇ, ನಿಮ್ಮನ್ನು ಎಬ್ಬಿಸಲು ಎಷ್ಟು ಅಲೆ ದಾಟಿ ಬಂದೆವು ನೋಡಿ ಎಂದು ಅವರ ಆಸ್ಥಾನದ ಕವಿ ಬರೆದದ್ದು. ನಾನು ಶಾಲೆ ಬಿಟ್ಟದ್ದೇ ಅದರ ದೆಸೆಯಿಂದ. "ದಾರಿ ಇರ್ಲಿಲ್ಲ ಅಂದ್ರೆ ನಮ್ಮ ಅಜ್ಜ ಹಡಗಲ್ಲಿ ಎಲ್ಲಿಗೆ ಹೋಗಿ ಬರ್ತಿದ್ರು ಸಾರ್?" ಎಂದು ಕೇಳಿದೆ. ಸಾರ್ ಬೆಂಚಿನ ಮೇಲೆ ನಿಲ್ಲಿಸಿದರು. ಬೆಂಚಿನ ಮೇಲಿಂದ ಕಿಟಕಿ ಚೆನ್ನಾಗಿ ಕಂಡಿತು. ಇಳಿದು ಮನೆಗೆ ಬಂದವಳು ಮತ್ತೆ ಹೋಗಲಿಲ್ಲ. ನೀನು ಬೈದೆ, ಆಮೇಲೆ ಬಾಗಿಲ ಹಿಂದೆ ನಿಂತು ನಕ್ಕೆ. ನಕ್ಕದ್ದು ನನಗೆ ಕೇಳಿಸಿತ್ತು.

ಆ ಪದ್ಯವನ್ನು ನಮ್ಮ ಭಾಷೆಗೆ ತಂದು ಕಾರ್ಖಾನೆಯಲ್ಲಿ ಹಾಡಿಸಬೇಕೆಂದು ಮೇಲಿನಿಂದ ಅಪ್ಪಣೆಯಾಯಿತು. ತಂದವರು ಯಾರು ಗೊತ್ತೇ? ನಿನಗೆ ಚಪ್ಪಾಳೆ ತಟ್ಟಿಸಿ ಛಂದಸ್ಸು ಕಲಿಸಿದ ನಿನ್ನ ಮೇಷ್ಟ್ರು. ಅವರೀಗ ಶಾಲೆಗಳ ಇನ್ಸ್‌ಪೆಕ್ಟರು. ಪಾಪ, ರಾತ್ರಿ ಹಗಲು ಕೂತು ಬರೆದಿದ್ದಾರೆ. ಒಂದೊಂದು ಸಾಲೂ ಈ ಗೋಡೆಯಿಂದ ಆ ಗೋಡೆಗೆ. ನಡುವೆ ಉಸಿರು ತೆಗೆದುಕೊಳ್ಳಲು ಒಂದು ಕಿಂಡಿ ಇಲ್ಲ. ನಾವು ಅದನ್ನು ಹಾಡುತ್ತ ಹೊರಟರೆ "ಅಲೆ ದಾಟಿ" ಎನ್ನುವಷ್ಟರಲ್ಲಿ ಸಾಲಿನ ಅರ್ಧ ಜನಕ್ಕೆ ಉಸಿರು ಕಟ್ಟಿ ಹೆಜ್ಜೆ ನಿಂತುಹೋಗುತ್ತಿತ್ತು. ಚಕ್ರ ತಿರುಗಿಸುವ ಅಕ್ಕ ಎಲ್ಲಿ ನಿಲ್ಲಿಸಬೇಕು, ಎಲ್ಲಿ ಬಿಡಬೇಕು ತಿಳಿಯದೆ ಕೈ ಸೋತು ಕೂತಳು. ಎಳೆ ನೋಡಿದರೆ ಇಲಿ ನುಂಗಿದ ಹಾವಿನ ಹಾಗೆ, ಇಲ್ಲೊಂದು ಗಂಟು, ಅಲ್ಲೊಂದು ಗಂಟು. ಮೇಸ್ತ್ರಿ ಅದನ್ನು ಎತ್ತಿ ಹಿಡಿದು, "ಹೊಗಳಿಕೆ ಉದ್ದ ಆಯ್ತು, ಹಗ್ಗ ಗಿಡ್ಡ ಆಯ್ತು" ಎಂದ. ಯಾವತ್ತೂ ನಗದ ಮನುಷ್ಯ. ಅವನ ಮಾತಿಗೆ ನಕ್ಕವರಿಗೆ ಅವನೇ ಅರ್ಧ ದಿನದ ಕೂಲಿ ಮುರಿದ.

ನಾವು ಬೇಕೆಂದೇ ಕೆಡಿಸಿದೆವು ಎಂದು ಬರೆದರೆ ನಿನಗೆ ಹಿತವಾಗುತ್ತಿತ್ತು. ಆದರೆ ಹಾಗಲ್ಲ ಅಣ್ಣ. ಮೊದಲ ದಿನ ನಮ್ಮಲ್ಲಿ ಮುಕ್ಕಾಲು ಜನ ಸರಿಯಾಗಿಯೇ ಹಾಡಲು ನೋಡಿದರು. ಮಕ್ಕಳೊಂದಿಗರು, ಹೆದರಿಕೆ. ಆಗಲಿಲ್ಲ, ಅಷ್ಟೇ. ನಾನು ಬಾಯಿ ಬಿಡಲಿಲ್ಲ. ಅದು ಧೈರ್ಯವೋ ಹಟವೋ ನನಗೇ ತಿಳಿಯದು.

ಮರುದಿನದಿಂದ ಯಾರೂ ಹಾಡಲಿಲ್ಲ. ಅವರದೂ ನಿನ್ನದೂ ಎರಡೂ ಬೇಡ ಎಂದು ಸುಮ್ಮನೆ ಹಿಂದಕ್ಕೆ ನಡೆದೆವು. ಕೇಳು, ಇದನ್ನು ನಿನಗೆ ಹೇಳಲೇಬೇಕು. ಶೆಡ್ಡಿನಲ್ಲಿ ಚಕ್ರದ ಸದ್ದು ಬಿಟ್ಟರೆ ಬೇರೇನೂ ಇರಲಿಲ್ಲ. ಸ್ವಲ್ಪ ಹೊತ್ತಿಗೆ ನನ್ನ ಪಾದಗಳು ಏನೋ ಹೇಳುತ್ತಿವೆ ಎನ್ನಿಸಿತು. ಪಕ್ಕದವಳನ್ನು ನೋಡಿದೆ. ಅವಳು ನೆಲ ನೋಡುತ್ತ ನಗುತ್ತಿದ್ದಳು. ಸಾಲಿಗೆ ಸಾಲೇ ನಿನ್ನ ಹಾಡಿನ ಮೇಲೆ ನಡೆಯುತ್ತಿತ್ತು.

ಹಿಂದಕ್ಕೆ ನಡೆದೇವು, ಹಿಂದುಳಿದವರಲ್ಲ,
ಹೊಸೆದೊಂದು ಹುರಿಯಾಗಿ ನಿಂತೇವು.
ಕಡಲಾಚೆ ಬಂದೋನೆ, ನಿನ್ನ ಹಡಗ ಹಿಡಿದದ್ದು
ನಮ್ಮಂಗೈ ಗುಳ್ಳೆಯ ಈ ಹಗ್ಗ.

ಒಂದು ಅಕ್ಷರ ಯಾರ ಬಾಯಿಂದಲೂ ಬಂದಿಲ್ಲ. ಕಾವಲಿನವನು ಬಾಗಿಲಲ್ಲಿ ನಿಂತು ಕಿವಿ ನಿಮಿರಿಸಿದ. ಅವನಿಗೂ ಹಾಡು ಗೊತ್ತು, ಅವನ ಹೆಂಡತಿ ಮೂರನೇ ಸಾಲಿನಲ್ಲಿದ್ದಾಳೆ. ಆದರೆ ಯಾರ ಕಾಲನ್ನು ಹಿಡಿದುಕೊಂಡು ಠಾಣೆಗೆ ಹೋಗುತ್ತಾನೆ? ಅವತ್ತಿನ ಎಳೆಯಲ್ಲಿ ಒಂದೂ ಗಂಟಿರಲಿಲ್ಲ.

ಹೊಸ ಶೆಡ್ಡು ಕಟ್ಟಿ ಮುಗಿದಿದೆ. ಹಳೆಯದಕ್ಕಿಂತ ಬಹಳ ಉದ್ದ, ದೊಡ್ಡ ಹಡಗುಗಳ ಹಗ್ಗಕ್ಕೆಂದು ಕಟ್ಟಿದ್ದು. ಆ ತುದಿಯಲ್ಲಿ ನಿಂತವರ ಮುಖ ಈ ತುದಿಗೆ ಕಾಣುವುದಿಲ್ಲ. ಅದನ್ನು ತೆರೆಯಲು ಬರುವ ತಿಂಗಳು ಗವರ್ನರ್ ಬರುತ್ತಾರೆ. ಅವರ ಮುಂದೆ ನಾವು ಕೆಲಸ ಮಾಡುತ್ತ, ನಮ್ಮದೇ ಭಾಷೆಯಲ್ಲಿ, ನಗುನಗುತ್ತ ಆ ಪದ್ಯ ಹಾಡಬೇಕಂತೆ. ಹೆಜ್ಜೆಗೆ ಕೂರುವಂತೆ ಅದನ್ನು ಬರೆಯಬಲ್ಲವನು ಒಬ್ಬನೇ ಇದ್ದಾನೆ, ಅವನನ್ನು ಅವರೇ ಒಳಗೆ ಹಾಕಿದ್ದಾರೆ. ಅದಕ್ಕೆ ನಿನ್ನೆ ಮೇಷ್ಟ್ರು ನಮ್ಮ ಮನೆಗೆ ಬಂದರು. ಮುರಿದ ಕುರ್ಚಿಯಲ್ಲಿ ಕೂತರು. ಅದು ಮುರಿದಿದೆ ಎಂದು ನಾನು ಹೇಳಲಿಲ್ಲ, ಅಮ್ಮ ಹೇಳಿದಳು. ನೀನು ಅದನ್ನು ಮೂರು ಪದ್ಯವಾಗಿ ತಿರುಗಿಸಿ, ಕೆಳಗೆ ನಿನ್ನ ಹೆಸರು ಬರೆದುಕೊಟ್ಟರೆ ಗವರ್ನರ್ ಬರುವ ಮುಂಚೆಯೇ ಬಿಡುಗಡೆ. ಉಳಿದ ಎರಡು ವರ್ಷ ಮಾಫಿ.

"ಅನುವಾದ ಅಷ್ಟೇನಮ್ಮ," ಎಂದರು ಮೇಷ್ಟ್ರು. "ಮಾತು ಅವರದು. ನಿಮ್ಮ ಮಗನ ಪಾತ್ರೆ, ಅವರ ನೀರು. ಇದರಲ್ಲಿ ಅವನದೇನು ಹೋಗುತ್ತೆ?"

ನಾನು ಸುಮ್ಮನಿರಬೇಕಿತ್ತು. "ಕುಡಿಯೋರು ನಾವಲ್ವಾ ಮೇಷ್ಟ್ರೇ?" ಎಂದೆ.

ಅಮ್ಮ ನನ್ನ ತೊಡೆ ಚಿವುಟಿದಳು. ಅವರು ಹೋದ ಮೇಲೆ ಅವಳು ಹೇಳಿದ್ದನ್ನು ಅವಳ ಮಾತಿನಲ್ಲೇ ಬರೆಯುತ್ತೇನೆ, ಒಂದಕ್ಷರ ಹೆಚ್ಚು ಕಮ್ಮಿ ಮಾಡುವುದಿಲ್ಲ. "ಪದ್ಯ ಅಂದ್ರೇನು, ಬಾಯಿಂದ ಬರೋ ಗಾಳಿ. ಗಾಳಿ ಕೊಟ್ಟು ಮಗನ್ನ ಕರ್ಕೊಂಡು ಹೋಗು ಅಂದ್ರೆ ಬೇಡ ಅನ್ನೋ ತಾಯಿ ಯಾರಾದ್ರೂ ಇದ್ದಾಳೇನೆ? ಬರ್ದು ಕೊಟ್ಟು ಬಾ ಅಂತ ಬರಿ. ಆ ಕೆಮ್ಮು ಇಟ್ಕೊಂಡು ಎರಡು ವರ್ಷ ಉಳೀತಾನೆ ಅಂತ ನನಗೆ ಧೈರ್ಯ ಇಲ್ಲ ಅಂತ ಬರಿ." ಬರೆದಿದ್ದೇನೆ. ನಿನ್ನ ಕೆಮ್ಮನ್ನು ಕೇಳಿದವಳು ನಾನೂ ಹೌದು. ಅವಳು ಹೇಳುವುದು ಸುಳ್ಳಲ್ಲ.

ಆದರೆ ನಾನು ಹೇಳುವುದೂ ಸುಳ್ಳಲ್ಲ. ನನಗೆ ಓದು ತಲೆಗೆ ಹತ್ತಲಿಲ್ಲ, ಒಂದು ಕಡೆ ಕೂರಲು ಆಗುವುದಿಲ್ಲ, ಇಷ್ಟು ಬರೆಯುವಷ್ಟರಲ್ಲಿ ಆರು ಸಲ ಎದ್ದು ಹಿತ್ತಲಿಗೆ ಹೋಗಿ ಬಂದಿದ್ದೇನೆ. ಹೀಗೆ ಓಡಾಡುವಾಗಲೇ ಒಂದು ವಿಷಯ ಹೊಳೆಯಿತು. ಅವರ ಹತ್ತಿರ ಬಂದೂಕು ಇದೆ. ಬಂದೂಕು ತೋರಿಸಿ ನಮ್ಮಿಂದ ಹಗ್ಗ ಹೊಸೆಸಬಹುದು, ತೆರಿಗೆ ಕಟ್ಟಿಸಬಹುದು, ನಿನ್ನನ್ನು ತೇವದ ಗೋಡೆಗೆ ಒರಗಿಸಬಹುದು. ಎಲ್ಲ ಆಗಿದೆ. ಹಾಗಿದ್ದೂ ಅವರಿಗೆ ಸಾಲದು. ನೀವು ಬಂದದ್ದು ಒಳ್ಳೆಯದಾಯಿತು ಎಂದು ನಾವು ಹೇಳಬೇಕು, ಅದೂ ರಾಗವಾಗಿ ಹೇಳಬೇಕು. ಕದ್ದವನಿಗೆ ಕದ್ದ ಮನೆಯವರಿಂದಲೇ ಹರಸಿಕೊಳ್ಳುವ ಆಸೆ. ಅದೊಂದನ್ನು ಬಂದೂಕಿನಿಂದ ತರಿಸಿಕೊಳ್ಳಲು ಆಗುತ್ತಿಲ್ಲ. ಅದಕ್ಕೇ ಅಷ್ಟು ದೊಡ್ಡ ಸರ್ಕಾರ ಬಂದು ನಮ್ಮ ಮನೆಯ ಮುರಿದ ಕುರ್ಚಿಯಲ್ಲಿ ಕೂತದ್ದು. ಬರೀ ಗಾಳಿಯಾಗಿದ್ದರೆ ಅದಕ್ಕೆ ಎರಡು ವರ್ಷದ ಬೆಲೆ ಯಾಕೆ ಕಟ್ಟುತ್ತಿದ್ದರು?

ನೀನು ಬರೆದುಕೊಟ್ಟು ಬಂದರೆ ನಾನು ಬಾಗಿಲು ಹಾಕಿಕೊಳ್ಳುವುದಿಲ್ಲ. ಬಿಸಿನೀರು ಕಾಯಿಸಿ, ಊಟ ಬಡಿಸಿ, ನಿನ್ನ ಹಾಸಿಗೆ ಹಾಕುತ್ತೇನೆ. ಯಾರಾದರೂ ನಿನ್ನ ಬಗ್ಗೆ ಹಗುರವಾಗಿ ಆಡಿದರೆ ನನ್ನ ನಾಲಗೆ ಇದ್ದೇ ಇದೆ. ಆದರೆ ಗವರ್ನರ್ ಬಂದ ದಿನ ಸಾಲಿನಲ್ಲಿ ನಿಂತು ಅದನ್ನು ಹಾಡುವುದಿಲ್ಲ. ನೀನು ಬರೆದದ್ದಾದರೂ ಹಾಡುವುದಿಲ್ಲ. ಇದನ್ನು ಮುಂಚೆಯೇ ಹೇಳಿಬಿಡುತ್ತಿದ್ದೇನೆ, ಆಮೇಲೆ ಗರಗಸ ಮೋಸ ಮಾಡಿದಳು ಎನ್ನಬಾರದು.

ಈ ಕಾಗದವನ್ನು ನಾಳೆ ಬೆಳಿಗ್ಗೆ ಮೇಷ್ಟ್ರೇ ಬಂದು ತೆಗೆದುಕೊಂಡು ಹೋಗುತ್ತಾರೆ. ಯಾರೂ ಒಡೆಯುವುದಿಲ್ಲ ಎಂದು ಮಾತು ಕೊಟ್ಟಿದ್ದಾರೆ. ಅದಕ್ಕೇ ನಾನು ಲಕೋಟೆ ಅಂಟಿಸುತ್ತಿಲ್ಲ. ಕದ್ದು ಓದುವ ಕಷ್ಟ ಯಾರಿಗೂ ಬೇಡ. ಮೇಷ್ಟ್ರೇ, ಇಲ್ಲಿವರೆಗೆ ಓದಿದ್ದರೆ ನಮಸ್ಕಾರ. ಕುರ್ಚಿಯನ್ನು ರಿಪೇರಿ ಮಾಡಿಸಿದ್ದೇವೆ.

ಅಮ್ಮನ ಆಶೀರ್ವಾದ. ಚಕ್ರ ತಿರುಗಿಸುವ ಅಕ್ಕ ನಿನ್ನನ್ನು ದಿನಾ ಕೇಳುತ್ತಾಳೆ. ಮೇಸ್ತ್ರಿ ಕೇಳುವುದಿಲ್ಲ, ಆದರೆ ನಾನು ಭೇಟಿಗೆ ಬಂದ ದಿನದ ಕೂಲಿಯನ್ನು ಮುರಿಯಲಿಲ್ಲ. ಶಾಲು ಹೊದ್ದುಕೋ.

ನಿನ್ನ ತಂಗಿ,
ಗರಗಸ

ಮರೆತೆ: ಅಮ್ಮ ಎಂದಿನಂತೆ, ಬರೆದದ್ದನ್ನೆಲ್ಲ ಓದಿ ಹೇಳು ಎಂದಳು. ನನ್ನ ಮಾತುಗಳನ್ನು ಹಾರಿಸಿ ಅವಳದ್ದನ್ನಷ್ಟೇ ಓದಬಹುದಿತ್ತು. ಆಗಲಿಲ್ಲ, ಪೂರ್ತಿ ಓದಿದೆ. ಬೈಗುಳಕ್ಕೆ ಕಾದೆ. ಅವಳು ಎದ್ದಳು, ಹೆಗಲ ಮೇಲಿನ ಟವೆಲನ್ನು ಸೊಂಟಕ್ಕೆ ಸುತ್ತಿಕೊಂಡಳು, ಅಡುಗೆಮನೆಯ ಬಾಗಿಲಿಂದ ಹಿಂದಕ್ಕೆ ನಡೆಯುತ್ತ ಬಂದಳು. ಆ ಮಂಡಿಯಲ್ಲಿ, ಗೋಡೆ ಹಿಡಿಯದೆ. ತುಟಿ ಅಲ್ಲಾಡುತ್ತಿತ್ತು. ಬೀದಿ ಬಾಗಿಲಿಗೆ ಬೆನ್ನು ತಗುಲಿದಾಗ ನಿಂತಳು.

"ಅವನ ಮೂರು ಪದ್ಯ ಹಳೇ ಶೆಡ್ಡಿಗೆ ಸರಿಯಾಗಿತ್ತು," ಎಂದಳು. "ಹೊಸದು ಉದ್ದ ಅಂತೀಯ. ಅರ್ಧ ದಾರೀಲಿ ಹಾಡು ಮುಗಿದು ಹೋದ್ರೆ ಕಾಲಿಗೆ ದಿಕ್ಕು ತಪ್ಪುತ್ತೆ. ನಾಲ್ಕನೇದು ಬೇಕು ಅಂತ ಬರಿ."

"ಪದ್ಯಕ್ಕೊಂದು ವರ್ಷದ ಲೆಕ್ಕ ಅಮ್ಮಾ, ನೆನಪಿದೆ ತಾನೆ?" ಎಂದೆ.

"ನನಗೇ ಲೆಕ್ಕ ಹೇಳಿಕೊಡ್ತೀಯೇನೆ?" ಎಂದು ಅಲ್ಲೇ ಹೊಸ್ತಿಲ ಮೇಲೆ ಕೂತು ಅತ್ತಳು. ಇನ್ನೂ ಅಳುತ್ತಿದ್ದಾಳೆ, ಅದನ್ನೂ ಬರೆಯಬೇಕು. ನಾಳೆ ಮೇಷ್ಟ್ರು ಬಂದು ಉತ್ತರ ಕೇಳಿದರೆ ಏನು ಹೇಳಲಿ ಎಂದೆ. ಸೆರಗಲ್ಲಿ ಮೂಗು ಒರೆಸಿಕೊಂಡು ಹೇಳಿದಳು: "ನಮ್ಮ ಹುಡುಗ ನಮ್ಮದು ಬರೀತಿದ್ದಾನೆ, ಅವರದಕ್ಕೆ ಪುರುಸೊತ್ತಿಲ್ಲ ಅನ್ನು."