ಬಿಸಿಕೋಣೆಯ ಬಾಗಿಲಲ್ಲಿ

ಲಾಂಡ್ರಿಯ ಮೇಲಿನ ಮನೆಯಿಂದ,
೧೪ನೇ ತಾರೀಖು, ಭಾನುವಾರ ಮಧ್ಯಾಹ್ನ

ಪ್ರೀತಿಯ ಮಗಳೇ,

ಹೇಗಿದ್ದೀ? ಮೆಟ್ಟಿಲು ಹತ್ತುವಾಗ ಎಡ ಮೊಣಕಾಲು ಈಗಲೂ ಕಟಕ್ ಅನ್ನುತ್ತದೆಯೋ? ಬೆಳಿಗ್ಗೆ ಎದ್ದಾಗ ಕಣ್ಣಿನ ಕೆಳಗೆ ಊದಿಕೊಂಡಿರುತ್ತದೆಯೋ? ನೀರು ಸರಿಯಾಗಿ ಕುಡಿಯುತ್ತಿದ್ದೀಯಾ? ಇದನ್ನೆಲ್ಲ ಫೋನಿನಲ್ಲೇ ಕೇಳಬಹುದಿತ್ತು. ಆದರೆ ಫೋನಿನಲ್ಲಿ ನೀನು ನನಗೆ ಎರಡನೆಯ ಪ್ರಶ್ನೆ ಮುಗಿಸಲು ಬಿಡುವುದಿಲ್ಲ. "ಅಮ್ಮಾ, ಕ್ಲಾಸ್ ಶುರುವಾಯ್ತು, ಆಮೇಲೆ ಮಾಡ್ತೀನಿ" ಅನ್ನುತ್ತೀ. ಆ ಆಮೇಲೆ ಯಾವ ವಾರದಲ್ಲಿ ಬರುತ್ತದೆಂದು ನನಗೆ ಈವರೆಗೂ ತಿಳಿದಿಲ್ಲ. ಕಾಗದಕ್ಕೆ ಕ್ಲಾಸ್ ಇದೆ ಎಂದು ಹೇಳಿ ನೋಡು, ಅದು ಮೇಜಿನ ಮೇಲೆ ಬಿದ್ದುಕೊಂಡೇ ಇರುತ್ತದೆ, ನನ್ನ ಹಾಗೆ ಹಟಮಾರಿ.

ನಾನು ಚೆನ್ನಾಗಿದ್ದೇನೆ. ನಿನ್ನ ಅಣ್ಣ ಹೊಸ ಮೆಷಿನ್ ತಂದು ಕೂರಿಸಿದ್ದಾನೆ. ಒಗೆದು ಮುಗಿಸಿದ ಕೂಡಲೇ ಅದು ಒಂದು ರಾಗ ಹಾಡುತ್ತದೆ. ಮಾಡುವ ಕೆಲಸ ಮಾಡಿದ್ದಕ್ಕೆ ಹಾಡು ಬೇರೆ ಕೇಡು. ನಾನು ಇಷ್ಟು ವರ್ಷ ಹಾಸ್ಪಿಟಲಿನ ಚಾದರ ಒಗೆದೆ, ಒಂದು ದಿನ ಹಾಡಿದೆನೇ? ನಿನ್ನ ಅತ್ತಿಗೆ ಕೌಂಟರಿನ ಹಿಂದೆ ನನಗೆಂದು ಮೆತ್ತೆ ಹಾಕಿದ ಕುರ್ಚಿ ಇಟ್ಟಳು. "ನನಗೇನಾಗಿದೆ, ತೆಗಿ ಅದನ್ನ" ಎಂದೆ. ಅವಳು ಅದನ್ನು ಕಂಬದ ಮರೆಗೆ ಸರಿಸಿದಳು. ಅವಳು ಮೇಲೆ ಹೋದಾಗ ಕೂರುತ್ತೇನೆ. ಅವಳಿಗೂ ಗೊತ್ತು, ಇಳಿದು ಬರುವಾಗ ಮೆಟ್ಟಿಲಲ್ಲೇ ಎರಡು ಸಲ ಕೆಮ್ಮುತ್ತಾಳೆ. ಒಳ್ಳೆಯ ಹುಡುಗಿ, ನಾನು ಹೇಳಿದೆನೆಂದು ಮಾತ್ರ ಅವಳಿಗೆ ಹೇಳಬೇಡ.

ಮೊನ್ನೆ ಮೆಡಿಕಲ್ ಅಂಗಡಿಯವಳು ಬಂದಿದ್ದಳು, ತನ್ನ ಬಿಳಿ ಕೋಟುಗಳನ್ನು ಕೊಡಲು. ಅದೇ, ನಿನ್ನ ಕ್ಲಾಸಿನವಳು. ನೀನು ಒಳಗೆ ಕಾಲಿಟ್ಟ ತಕ್ಷಣ ಇಡೀ ಬೆಂಚಿನ ಕೈಯಲ್ಲಿ ಮೂಗು ಮುಚ್ಚಿಸುತ್ತಿದ್ದವಳು, ನಿನಗೆ 'ಬ್ಲೀಚಿಂಗ್ ಪೌಡರ್' ಎಂದು ಹೆಸರಿಟ್ಟವಳು. ಫೋನನ್ನು ನನ್ನ ಕನ್ನಡಕಕ್ಕೆ ತಾಗುವ ಹಾಗೆ ಹಿಡಿದಳು. ಅದರಲ್ಲಿ ನೀನು ಮುಷ್ಟಿ ಎತ್ತಿ ನಿಂತಿದ್ದೀ, ಎದುರಿಗೆ ನಿನ್ನ ಅರ್ಧ ವಯಸ್ಸಿನ ಒಬ್ಬ ಹುಡುಗಿ, ನಡುವೆ ದೊಡ್ಡ ಅಕ್ಷರದಲ್ಲಿ 'ಕೊನೆಯ ಕಾಳಗ'. "ಆಂಟೀ, ಇವಳು ಮತ್ತೆ ಕೇಜಿಗೆ ಇಳೀತಿದಾಳೆ! ನಾವಿಬ್ರೂ ಒಂದೇ ಕ್ಲಾಸು ಅಂತ ನಮ್ಮ ಅಂಗಡೀಲಿ ಎಲ್ಲರಿಗೂ ತೋರಿಸ್ತಿದೀನಿ" ಎಂದಳು. "ಹೌದಾ, ನಿನ್ನ ಮೂಗು ಈಗ ವಾಸಿಯಾಯ್ತಾ?" ಎಂದು ಕೇಳಿದೆ. ಅವಳು ಮೊದಲು ನಕ್ಕಳು, ಆಮೇಲೆ ನಗು ನಿಲ್ಲಿಸಿ ಕೋಟಿನ ಗುಂಡಿ ನೋಡುತ್ತಾ ನಿಂತಳು. "ಚಿಕ್ಕೋರಿದ್ವಿ ಆಂಟೀ" ಎಂದಳು. ನನ್ನ ಮಗಳೂ ಚಿಕ್ಕವಳೇ ಇದ್ದಳು ಎಂದು ಹೇಳಲಿಲ್ಲ, ರಸೀದಿ ಹರಿದು ಕೊಟ್ಟೆ. ಕಾಳಗದ ವಿಷಯ ನನಗೆ ಮೊದಲೇ ಗೊತ್ತಿತ್ತೆಂಬಂತೆ ತಲೆಯಾಡಿಸಿದೆ. ಆ ಬಾಯಿಂದ ಕೇಳಬೇಕಾಯಿತಲ್ಲ ಮಗಳೇ.

ಅವಳು ಹೋದಮೇಲೆ ಬೀರುವಿನ ಪ್ರಸಂಗ ನೆನಪಾಗಿ ಒಬ್ಬಳೇ ನಕ್ಕೆ. ಎಷ್ಟೋ ದಿನ ನೀನು ಬೆನ್ನಿಗೆ ಇಂಕು ಚೆಲ್ಲಿಸಿಕೊಂಡು ಬಂದು, ಬ್ಯಾಗು ಇಳಿಸಿ, ಒಂದು ಮಾತೂ ಆಡದೆ ಒದ್ದೆ ಚಾದರದ ಮೂಟೆಗಳನ್ನು ತಾರಸಿಗೆ ಹೊರುತ್ತಿದ್ದೆ. ನಿಮ್ಮಪ್ಪ ತೀರಿಹೋದ ಮೇಲೆ ಆ ಮೂಟೆ ಹೊರಲು ಬೇರೆ ಯಾರಿದ್ದರು? ಒಂದು ದಿನ ಹೆಡ್‌ಮಿಸ್ ಹೇಳಿಕಳಿಸಿದರು. ಹೋಗಿ ನೋಡಿದರೆ ಈ ಮೂಗಿನವಳು ಕ್ಲಾಸಿನ ಬೀರುವಿನ ಮೇಲೆ ಕಾಲು ಇಳಿಬಿಟ್ಟುಕೊಂಡು ಅಳುತ್ತಾ ಕೂತಿದ್ದಾಳೆ, ನೀನು ಅವಳ ಜಾಗದಲ್ಲಿ ಕೂತು ಪಾಠ ಬರೆದುಕೊಳ್ಳುತ್ತಿದ್ದೀ. "ನೋಡಿ, ನಿಮ್ಮ ಮಗಳು ಅವಳನ್ನ ಎತ್ತಿ ಅಲ್ಲಿ ಕೂರಿಸಿದ್ದಾಳೆ" ಎಂದರು ಹೆಡ್‌ಮಿಸ್. "ಬಿಸಾಕಿಲ್ವಲ್ಲ, ಜೋಪಾನವಾಗೇ ಇಟ್ಟಿದ್ದಾಳೆ" ಎಂದೆ. ಅವಳನ್ನು ಇಳಿಸಲು ಬಂದ ಡ್ರಿಲ್ ಮಾಸ್ತರು, ಎಳೆಯ ವಯಸ್ಸಿನ ಕುಸ್ತಿಯಲ್ಲಿ ಎರಡೂ ಕಿವಿ ಮುದುಡಿಸಿಕೊಂಡ ನಿಮ್ಮ ಕಿವಿ ಮಾಸ್ತರು, ಮೇಲೆ ನೋಡಿದರು, ನಿನ್ನನ್ನು ನೋಡಿದರು, "ನೀನೇ ಇಳಿಸಮ್ಮಾ, ನನ್ನ ಸೊಂಟ ಹಿಡ್ಕೊಂಡಿದೆ" ಎಂದರು. ನೀನು ಹೂವಿನ ಕುಂಡ ಇಳಿಸಿದ ಹಾಗೆ ಇಳಿಸಿದೆ. ಅವತ್ತು ಸಂಜೆಯೇ ಅವರು ಲಾಂಡ್ರಿಗೆ ಬಂದು ಕೌಂಟರಿನ ಮೇಲೆ ಎರಡೂ ಕೈಯೂರಿ, "ಅಮ್ಮಾ, ಈ ಹುಡುಗೀನ ನನಗೆ ಕೊಡಿ" ಎಂದರು. "ಕೊಡೋಕೆ ಅವಳೇನು ಇಸ್ತ್ರಿ ಬಟ್ಟೇನಾ? ಅವಳನ್ನೇ ಕೇಳಿ" ಎಂದೆ. ಅಂದಿನಿಂದ ಇಂದಿನವರೆಗೆ ನಿನ್ನ ವಿಷಯದಲ್ಲಿ ನನ್ನ ಉತ್ತರ ಅದೊಂದೇ.

ಕುಸ್ತಿ ಆಯಿತು. ಆಮೇಲೆ ಗುದ್ದು, ಒದೆ, ಕತ್ತು ಬಿಗಿಯುವುದು ಎಲ್ಲ ಸೇರಿದ, ಪಂಜರದೊಳಗೆ ಆಡುವ ಈ ಕೇಜಿನ ಆಟ ಬಂತು. ಬೀದಿಯವರು "ಹೆಣ್ಣು ಹುಡುಗಿ, ಮುಖ ಕೆಡುತ್ತೆ" ಎಂದರು. ನಿನ್ನ ಮುಖ ಕಂಡರೆ ಇವರಿಗೆ ಯಾವತ್ತು ಅಷ್ಟು ಅಕ್ಕರೆ ಇತ್ತೋ ನನಗೆ ಗೊತ್ತಿಲ್ಲ. ನೀನು ಮೊದಲ ಸಲ ಗೆದ್ದು ಮೂಗಿಂದ ಕೆಂಪು ಇಳಿಸಿಕೊಂಡು ಬಂದಾಗ ನಾನು ಆಡಿದ ಮೊದಲ ಮಾತು, "ಈ ಟವೆಲನ್ನ ಬಿಸಿನೀರಿಗೆ ಹಾಕಿದೋರು ಯಾರು? ರಕ್ತದ ಕಲೆ ಇನ್ನು ಜನ್ಮಕ್ಕೆ ಹೋಗಲ್ಲ." ಕಿವಿ ಮಾಸ್ತರು ಅದನ್ನು ಈಗಲೂ ಎಲ್ಲರೆದುರು ಹೇಳಿ ನಗುತ್ತಾರೆ. ನಗಲಿ ಬಿಡು, ಆ ಟವೆಲು ಈಗಲೂ ನನ್ನ ಪೆಟ್ಟಿಗೆಯಲ್ಲಿದೆ, ಕಲೆಯ ಸಮೇತ.

ಆದರೆ ನನಗೆ ನೆನಪಿಗೆ ಬರುವುದು ನಿನ್ನ ಗೆಲುವುಗಳಲ್ಲ, ನಮ್ಮ ಬಿಸಿಕೋಣೆ. ಕಾಳಗದ ಹಿಂದಿನ ದಿನ ತಕ್ಕಡಿ ಹತ್ತಬೇಕು, ಗೊತ್ತುಮಾಡಿದ ತೂಕಕ್ಕಿಂತ ಒಂದು ಹಿಡಿ ಹೆಚ್ಚಿದ್ದರೂ ಆಟಕ್ಕಿಲ್ಲ, ಅದಕ್ಕೆ ಮೈಯಲ್ಲಿರುವ ನೀರನ್ನು ಬೆವರಾಗಿ ಇಳಿಸಬೇಕು ಎಂದು ನೀನು ಹೇಳಿದಾಗ ನಾನು ನಂಬಲಿಲ್ಲ. ಚಾದರ ಒಣಗಿಸುವ ಆ ಬಿಸಿಕೋಣೆಗೆ ದಪ್ಪ ರಬ್ಬರಿನ ಅಂಗಿ ತೊಟ್ಟುಕೊಂಡು ನೀನು ಹೊಕ್ಕಾಗ ನಂಬಿದೆ. ಹೊರಗೆ ಬುಟ್ಟಿ ಬೋರಲು ಹಾಕಿ ಅದರ ಮೇಲೆ ಕೂತೆ. ಬಾಗಿಲು ಮುಚ್ಚುವ ಮುಂಚೆ ಒಂದೇ ಕಟ್ಟುಪಾಡು ಹಾಕಿದ್ದೆ: ಮಾತಾಡುತ್ತಲೇ ಇರಬೇಕು. ಮಾತು ನಿಂತರೆ ತೂಕ ಇಳಿದಿರಲಿ ಬಿಡಲಿ, ಬಾಗಿಲು ತೆಗೆಯುತ್ತೇನೆ. "ಏನು ಮಾತಾಡ್ಲಿ ಅಮ್ಮಾ?" ಎಂದು ನೀನು ಕೇಳಿದೆ. "ಏನಾದ್ರೂ ಆಡು, ನಾನೇನು ಪರೀಕ್ಷೆ ಮಾಡಲ್ಲ" ಎಂದೆ. ಎದುರಿಗೆ ಕೂತರೆ ಊಟಕ್ಕೆ ಉಪ್ಪು ಸಾಲದು ಎಂದೂ ಹೇಳದ ಹುಡುಗಿ ಬಾಗಿಲ ಆಚೆಯಿಂದ ಎಷ್ಟು ಮಾತಾಡಿದೆ! ಇಂಕು ಚೆಲ್ಲಿದವರು ಯಾರು, ಯಾರು ನೋಡಿ ಸುಮ್ಮನಿದ್ದರು, ಬೇರೆಯವರ ಮನೆಗೆ ಹೋದರೆ ಮೊದಲು ನಿನ್ನ ತೋಳನ್ನು ನೀನೇ ಮೂಸಿ ನೋಡಿಕೊಳ್ಳುತ್ತಿದ್ದುದು, ಪ್ರತಿ ಕಾಳಗಕ್ಕೂ ಮುಂಚೆ ಹೆದರಿ ವಾಂತಿ ಮಾಡುತ್ತಿದ್ದುದು. ನಾನು ಮಧ್ಯೆ ಮಧ್ಯೆ "ಹೂಂ, ಆಮೇಲೆ?" ಎನ್ನುತ್ತಿದ್ದೆ, ಅಷ್ಟೇ. ಬಾಗಿಲು ಮುಚ್ಚಿದ್ದದ್ದು ಒಳ್ಳೆಯದೇ ಆಯಿತು, ನನ್ನ ಮುಖ ನಿನಗೆ ಕಾಣುತ್ತಿರಲಿಲ್ಲ.

ನಿನ್ನ ವ್ಯಾಯಾಮದ ಸೆಂಟರಿನ ಯೋಚನೆ ಹುಟ್ಟಿದ್ದೂ ಅಲ್ಲೇ. "ಹೆಂಗಸರು ಹೇಗಿದ್ರೆ ಹಾಗೆ ಬರ್ಬೇಕು ಅಮ್ಮಾ, ದಪ್ಪ ಇರ್ಲಿ, ಬೆವರು ನಾರ್ತಿರ್ಲಿ, ಯಾರೂ ಮೂಗು ಮುಚ್ಚಬಾರ್ದು. ಬಾಗಿಲಲ್ಲೇ ಒಬ್ಬೊಬ್ಬರ ಕೈಗೂ ಒಂದು ಬಿಳಿ ಟವೆಲು ಕೊಡ್ಬೇಕು" ಎಂದೆ ನೀನು. "ಒಗೆಯೋರು ಯಾರು?" ಎಂದು ನಾನು ಕೇಳಿದೆ. "ಇನ್ಯಾರು, ನೀನೇ!" ಎಂದು ಆ ಬೇಗೆಯಲ್ಲೂ ನಕ್ಕೆ. ಆ ನಗುವನ್ನು ನಾನು ಎಷ್ಟು ಸಲ ಕೇಳಿಸಿಕೊಳ್ಳುತ್ತೇನೆ ಎಂದರೆ, ಹೋದ ವಾರ ಬುಟ್ಟಿಯ ಮೇಲೆ ಕೂತು ಏನೋ ಗೊಣಗುತ್ತಿದ್ದೆ ಅಂತ ಕಾಣುತ್ತದೆ, ನಿನ್ನ ಅತ್ತಿಗೆ ಬಂದು "ಯಾರ ಜೊತೆ ಮಾತಾಡ್ತಿದೀರಾ ಅತ್ತೇ?" ಎಂದಳು. "ಚಾದರದ ಜೊತೆ" ಎಂದು ಗದರಿಸಿದೆ. ಪಾಪ, ಹೆದರಿಕೊಂಡಳು.

ಅಷ್ಟು ದೂರದ ಊರಿನ ಹೋಟೆಲಿನಲ್ಲಿ ತೂಕ ಇಳಿಸಲು ನಿನ್ನನ್ನು ಬಿಸಿನೀರಿನ ತೊಟ್ಟಿಯಲ್ಲಿ ಮಲಗಿಸಿದ ದಿನ, ನನ್ನ ಬದಲಿಗೆ ಹೊರಗೆ ಕಾಯಲು ಕೂತ ಹುಡುಗನ ಕೈಯಲ್ಲಿ ಗಡಿಯಾರವಿತ್ತು. ನೀನು ಮಾತು ನಿಲ್ಲಿಸಿದ್ದು ಗಡಿಯಾರಕ್ಕೆ ಹೇಗೆ ತಿಳಿಯಬೇಕು? ಅವನನ್ನು ಬೈಯುವುದಿಲ್ಲ, ಅವನಿಗೆ ಹೇಳಿಕೊಟ್ಟದ್ದು ಅಷ್ಟೇ. ಪ್ರಜ್ಞೆ ತಪ್ಪಿದಾಗ ನಲ್ಲಿಗೆ ಬಡಿದು ಸೀಳಿದ ನಿನ್ನ ಹುಬ್ಬು ಕೂಡಿಕೊಂಡಿತು. ಕಿಡ್ನಿ ಮಾತ್ರ ಮೊದಲಿನ ಹಾಗಾಗಲಿಲ್ಲ. "ಇನ್ನೊಂದು ಸಲ ಮೈ ಹೀಗೆ ಒಣಗಿಸಿದರೆ ಉಳಿಸೋಕೆ ನನ್ನ ಕೈಲಾಗಲ್ಲ" ಎಂದು ಡಾಕ್ಟರು ಹೇಳುವಾಗ ನಾನು ಪಕ್ಕದಲ್ಲೇ ನಿಂತಿದ್ದೆ. ನೀನು ಗೋಡೆ ಕಡೆ ತಿರುಗಿದೆ. ಆಮೇಲೆ ಆಟ ಬಿಟ್ಟು ಮನೆಗೆ ಬಂದು ಎಷ್ಟೋ ದಿನ ಸುಮ್ಮನೆ ಮಲಗಿದ್ದವಳು ಒಂದು ಬೆಳಿಗ್ಗೆ ಎದ್ದು, ಬಟ್ಟೆ ಮಡಚುವ ಮೇಜುಗಳನ್ನೆಲ್ಲ ಗೋಡೆಗೆ ಸರಿಸಿ, ಬೀದಿಯ ಹೆಂಗಸರಿಗೆ ಬಗ್ಗಿ ಏಳುವುದು ಕಲಿಸತೊಡಗಿದೆ. ಮೊದಲ ದಿನ ಬಂದವಳು ಹಾಲಿನಂಗಡಿಯವಳು, ಬಗ್ಗಿದವಳು ಏಳಲಾರದೆ ನಿನ್ನನ್ನೂ ಜೊತೆಗೆ ಬೀಳಿಸಿದಳು. ಈಗ ನಗರದಲ್ಲಿ ನಿನ್ನ ಮೂರು ಸೆಂಟರಿವೆ. ಮೊದಲನೆಯದು ಶುರುವಾದ ದಿನ ನಾನು ಬಂದು ಟವೆಲುಗಳನ್ನು ಒಂದೊಂದಾಗಿ ಮೂಸಿ ನೋಡಿದೆ. ಯಾವುದರಲ್ಲೂ ಲೋಪವಿರಲಿಲ್ಲ. ಅಂದು ನಿನಗೆ ಹೇಳಲಿಲ್ಲ, ಈಗ ಬರೆದಿದ್ದೇನೆ.

ನಿನ್ನೆ ಕಿವಿ ಮಾಸ್ತರಿಗೆ ಫೋನ್ ಮಾಡಿದೆ. ಅವರಿಗೆ ಎಲ್ಲ ತಿಳಿದಿತ್ತು. ನಾಲ್ಕನೆಯ ಸೆಂಟರ್ ತೆರೆಯುವಾಗ ನೀನು ಒಮ್ಮೆ ಕೇಜಿಗೆ ಇಳಿದರೆ ಹೆಸರು ಊರೆಲ್ಲ ಹಬ್ಬುತ್ತದೆ ಎಂದು ನಿನ್ನ ಪಾಲುದಾರರ ಮಾತಂತೆ. ಹಳೆಯ ತೂಕಕ್ಕೇ ಇಳಿಯಬೇಕಂತೆ, ಅದೇ ಗಡಿಯಾರದ ಪದ್ಧತಿಯಂತೆ. "ಬೇಡ ಅಂತ ನಾನು ಹೇಳಿದೆ ಅಮ್ಮಾ, ಕೇಳಲಿಲ್ಲ. ನೀವು ಹೇಳಿದ್ರೆ ಕೇಳ್ತಾಳೆ" ಎಂದರು. ನಾನು ಯಾವತ್ತೂ ಅವಳಿಗೆ ಮಾಡು ಎಂದಿಲ್ಲ, ಬಿಡು ಎಂದಿಲ್ಲ, ಮೈ ಅವಳದು, ಸೆಂಟರೂ ಅವಳದು ಎಂದು ಹೇಳಿ ಫೋನಿಟ್ಟೆ. ನೀನೂ ಯೋಚಿಸಿಯೇ ಒಪ್ಪಿರುತ್ತೀ. ನಿನ್ನ ಬಳಿ ಕೆಲಸ ಮಾಡುವ ಹುಡುಗಿಯರ ಸಂಸಾರವೂ ಅದರಲ್ಲೇ ನಡೆಯಬೇಕು, ಅದು ನನಗೆ ಅರ್ಥವಾಗದ ಮಾತಲ್ಲ. ನಾನೂ ಅಂಗಡಿ ನಡೆಸಿದವಳು. ಆದ್ದರಿಂದ ನಿನ್ನ ಇಷ್ಟ.

ಚಳಿಗೆ ಮುಂಚೆ ಎರಡು ದಿನಕ್ಕಾದರೂ ಬಂದು ಹೋಗು. ಕೆಲಸವಿದ್ದರೆ ಬೇಡ. ನಿನ್ನ ಕೋಣೆಯಲ್ಲಿ ಅಣ್ಣ ಸೋಪಿನ ಪೆಟ್ಟಿಗೆ ಪೇರಿಸಲು ನೋಡಿದ, ನಾನು ಬಿಡಲಿಲ್ಲ. ಅಣ್ಣ, ಅತ್ತಿಗೆ ನಿನ್ನನ್ನು ಕೇಳಿದರೆಂದು ಬರೆಯಲು ಹೇಳಿದ್ದಾರೆ. ಗಟ್ಟಿಯಾಗಿರು, ಹೊಟ್ಟೆ ತುಂಬ ಉಣ್ಣು, ನಿನ್ನ ಕೈ ಹಿಡಿದ ಕೆಲಸ ನಿನ್ನ ಕೈ ಬಿಡದಿರಲಿ. ತಲೆಯ ಮೇಲೆ ಕೈಯಿಡೋಣವೆಂದರೆ ನೀನು ದೂರವಿದ್ದೀ, ಇಟ್ಟೆನೆಂದೇ ತಿಳಿದುಕೋ.

ಇಂತಿ,
ನಿನ್ನ ಅಮ್ಮ

ತಾ.ಕ.: ಅಣ್ಣ ಕಾಗದ ಹಾಕಿಬರಲು ಚಪ್ಪಲಿ ಮೆಟ್ಟಿ ನಿಂತಿದ್ದಾನೆ, "ಆಯ್ತಾ ಅಮ್ಮಾ" ಎಂದು ಜೀವ ತಿನ್ನುತ್ತಿದ್ದಾನೆ. ಮೇಲೆ 'ನಿನ್ನ ಇಷ್ಟ' ಎಂದು ಬರೆದಿದ್ದೇನಲ್ಲ, ಅದನ್ನು ಓದಬೇಡ. ನೀನು ಇಳಿಯಕೂಡದು. ನಾನು ಯಾರನ್ನೂ ಏನನ್ನೂ ಬೇಡಿದವಳಲ್ಲ, ಅಭ್ಯಾಸವಿಲ್ಲದ್ದರಿಂದ ಇದು ಅಪ್ಪಣೆಯ ಹಾಗೆ ಕೇಳಿಸಬಹುದು. ಬೇಡಿಕೊಳ್ಳುತ್ತಿದ್ದೇನೆ ಕಣೇ. ಪಾಲುದಾರರಿಗೆ ಏನು ಹೇಳಲಿ ಎಂದು ತಲೆ ಕೆಡಿಸಿಕೊಳ್ಳಬೇಡ, "ನಮ್ಮಮ್ಮ ಬಿಡಲ್ಲ" ಎಂದುಬಿಡು. ಮೂವತ್ತೆಂಟು ವರ್ಷದವಳು, ಮೂರು ಸೆಂಟರಿನ ಯಜಮಾನಿ, ಹಾಗೆಂದರೆ ನಗುತ್ತಾರೆ. ನಗಲಿ.